ಎದುರುಕಟ್ಟಿ ಅಜ್ಜ ಇರಲಿಲ್ಲ

ಎದುರುಕಟ್ಟಿ ಅಜ್ಜ ಎಂಬ ಮನುಷ್ಯ ಎಂದೂ ಇರಲಿಲ್ಲ. ಬೀಳಗಿ ಸೀಮೆಯಲ್ಲಿ ಅವನು ಹುಟ್ಟಲಿಲ್ಲ. ಹಿನ್ನೀರಿನಲ್ಲಿ ಮುಳುಗಿದ ಊರಿನಲ್ಲಿ ಅವನ ಮನೆ ಇರಲಿಲ್ಲ. ಜಗಳವಾಡಿದವರನ್ನು ಬಾಗಿಲ ಆಚೀಚಿನ ಎರಡು ಕಟ್ಟೆಗಳ ಮೇಲೆ ಕೂಡಿಸಿ ಅವನು ಯಾರಿಗೂ ಏನನ್ನೂ ಕಲಿಸಲಿಲ್ಲ. ಅವನನ್ನು ಹುಟ್ಟಿಸಿದವಳು ನಾನು — ರಬಕವಿಯ ನಮ್ಮ ಮನೆಯ ಬಾಗಿಲಲ್ಲಿ ನಿಂತು, ಕೈಯಲ್ಲಿ ಚಹಾದ ತಾಟು ಹಿಡಿದುಕೊಂಡು, ಒಂದೇ ಉಸಿರಿನಲ್ಲಿ.

ಇಷ್ಟೇ ಆಗಿದ್ದರೆ ನಕ್ಕು ಬಿಡಬಹುದಿತ್ತು. ಆದರೆ ಅವನನ್ನು ಯಾಕೆ ಹುಟ್ಟಿಸಿದೆ ಎಂಬುದನ್ನು ಹೇಳಬೇಕು — ಹೇಳದೆ ಇಪ್ಪತ್ತು ವರ್ಷಗಳ ಮೇಲೆ ಕಳೆದಿದ್ದೆ. ನನ್ನದೊಂದು ಸುಳ್ಳು ನಾಲ್ಕು ಜನರ ಎದುರು ಸಿಕ್ಕಿಬೀಳುವುದರಲ್ಲಿತ್ತು. ಅದನ್ನು ಮುಚ್ಚುವುದಕ್ಕೆ ನನಗೊಬ್ಬ ತತ್ವಜ್ಞಾನಿ ಬೇಕಾಗಿದ್ದ. ಹಾಗೆ ಮುಚ್ಚುವಾಗ ಒಬ್ಬಳ ಕಿವಿಯ ಮೇಲೆ ಕೈಯಿಟ್ಟೆ. ಕಮಲಾ, ನನ್ನ ನೆಗೆಣ್ಣಿ, ನನ್ನ ಗಂಡನ ತಮ್ಮನ ಹೆಂಡತಿ. ಅವಳು ಕೇಳಿದ್ದನ್ನು ಕೇಳಿಲ್ಲ ಎಂದು ನಂಬಿಸಿದೆ. ಜನರನ್ನಲ್ಲ — ಜನ ಹೇಗೂ ನಂಬುತ್ತಾರೆ — ಅವಳನ್ನೇ.

ಕಮಲಾ ತೇರದಾಳದ ಹುಡುಗಿ. ನಮ್ಮ ಮನೆಗೆ ಬಂದಾಗ ಕೆಳಗಿನ ಅಂಕಣದಲ್ಲಿ ಪವರ್‌ಲೂಮುಗಳು ಹಗಲೆಲ್ಲ ಬಡಿದುಕೊಳ್ಳುತ್ತಿದ್ದವು. ಆ ಮನೆಯಲ್ಲಿ ಮಾತಾಡುವುದೆಂದರೆ ಕೂಗುವುದು. ಅಷ್ಟು ಸದ್ದಿನಲ್ಲೂ ಹೊರಗೆ ಬಂದವರು ಯಾರೆಂದು ಕಮಲಾ ಚಪ್ಪಲಿ ಬಿಡುವ ಸಪ್ಪಳದಿಂದಲೇ ಹೇಳುತ್ತಿದ್ದಳು. ಯಾವುದಾದರೂ ಮನೆಗೆ ಮಾತು ಕಳಿಸಬೇಕಾದರೆ ನಮ್ಮ ಮಾವ ಅವಳನ್ನೇ ಕಳಿಸುತ್ತಿದ್ದರು. ಯಾಕೆಂದರೆ ಅವಳು ತಿರುಗಿ ಬಂದು ಅಲ್ಲಿಯವರು ಹೇಳಿದ್ದನ್ನು ಅವರದೇ ದನಿಯಲ್ಲಿ, ಅವರು ಕೆಮ್ಮಿದ ಕಡೆ ಕೆಮ್ಮಿ, ತಡೆದ ಕಡೆ ತಡೆದು, ಒಂದಕ್ಷರ ಬಿಡದೆ ಒಪ್ಪಿಸುತ್ತಿದ್ದಳು. ನಾವೆಲ್ಲ ನಗುತ್ತಿದ್ದೆವು. ಮಾವ ಮಾತ್ರ ನಗದೆ, ಕಣ್ಣು ಮುಚ್ಚಿ, ತಲೆದೂಗುತ್ತ ಕೇಳುತ್ತಿದ್ದರು.

ನಾನು ಹಿರಿಯ ಸೊಸೆ. ಜಮಖಂಡಿಯ ಒಂದು ಹೈಸ್ಕೂಲಿನಲ್ಲಿ ಕನ್ನಡ ಕಲಿಸುತ್ತಿದ್ದೆ, ದಿನಾ ಬಸ್ಸಿನಲ್ಲಿ ಹೋಗಿಬರುತ್ತಿದ್ದೆ. ಮನೆಯಲ್ಲಿ ನನ್ನ ಮಾತಿಗೆ ಒಂದು ತೂಕ ಇತ್ತು. ಟೀಚರಮ್ಮ ಹೇಳಿದಳೆಂದರೆ ಆಯಿತು. ಆ ತೂಕವನ್ನು ನಾನು — ಇರಲಿ, ಅದೇ ಮುಂದೆ ಬರುತ್ತದೆ.

ನಮ್ಮ ನಾದಿನಿ ವಿಜಯಾಳಿಗೆ ಮುಧೋಳದಲ್ಲಿ ಗಂಡು ಗೊತ್ತಾಗಿತ್ತು. ಹುಡುಗ ಒಳ್ಳೆಯವನು. ಅವನನ್ನು ನೋಡಿದ ದಿನದಿಂದ ವಿಜಯಾ ತನ್ನಷ್ಟಕ್ಕೆ ತಾನು ನಗುತ್ತ, ಕೈಲಿದ್ದ ಕೆಲಸ ಮರೆತು ಓಡಾಡುತ್ತಿದ್ದಳು. ಒಂದೇ ತೊಡಕು. ಇದ್ದೊಬ್ಬ ಮಗಳ ಮದುವೆ ತಮ್ಮ ಮನೆಯ ಮುಂದೆ, ರಬಕವಿಯಲ್ಲಿಯೇ ಆಗಬೇಕೆಂದು ಮಾವ. ತಾಯಿಯಿಲ್ಲದ ಹುಡುಗನನ್ನು ಸಾಕಿ ಬೆಳೆಸಿದ ಸೋದರತ್ತೆ ಗಂಗಕ್ಕ — ಅವನ ಮದುವೆ ತನ್ನ ಅಂಗಳದಲ್ಲಿ, ಮುಧೋಳದಲ್ಲಿಯೇ ಆಗಬೇಕೆಂದು ಆಕೆ. ಇಬ್ಬರೂ ಹಟದವರು. ಮಾವ ನನ್ನನ್ನೂ ಕಮಲಾಳನ್ನೂ ಮುಧೋಳಕ್ಕೆ ಕಳಿಸಿದರು, ಗಂಗಕ್ಕನ ಮನಸ್ಸು ತಿರುಗಿಸಿ ಬರ್ರಿ ಅಂತ.

ತಿರುಗಲಿಲ್ಲ. ಗಂಗಕ್ಕ ನಮಗೆ ಹೊಟ್ಟೆ ಬಿರಿಯುವಷ್ಟು ಉಣಿಸಿ, ಎಲೆ ಅಡಿಕೆ ಕೊಟ್ಟು, ಮುಧೋಳದಲ್ಲಾಗದಿದ್ದರೆ ಈ ಸಂಬಂಧವೇ ಬೇಡ ಎಂದು ಬಹಳ ಮೆತ್ತಗೆ ಹೇಳಿದಳು. ನನಗೆ ವಿಜಯಾಳ ಮುಖ ಕಣ್ಣಮುಂದೆ ಬಂತು. ಬಾಯಿಂದ ಮಾತು ತಾನೇ ಜಾರಿತು ಅಂತ ಬರೆಯಬಹುದು, ಆದರೆ ಜಾರಲಿಲ್ಲ, ನಾನೇ ಆಡಿದೆ. "ಮದುವಿ ಮುಧೋಳದಾಗ ಆಗಲಿ ಗಂಗಕ್ಕ, ನಮ್ಮ ಮಾವ ಒಪ್ಪ್ಯಾರ" ಅಂದೆ. ಬಾಜೂಕೆ ಕುಳಿತಿದ್ದ ಕಮಲಾ ತಟ್ಟನೆ ನನ್ನ ಮುಖ ನೋಡಿದಳು.

ಮಹಾಲಿಂಗಪುರದ ಮೇಲೆ ಬರುವ ಬಸ್ಸು ಹಿಡಿದೆವು. ದಾರಿಯಲ್ಲಿ ಕಮಲಾ, ಮಾವ ಖರೆ ಒಪ್ಪಿದ್ದಾರೇನು ಅಂತ ಕೇಳಿದಳು. ಅದನ್ನು ನಾನು ನೋಡಿಕೊಳ್ಳುತ್ತೇನೆ, ನೀನು ಸುಮ್ಮನಿರು ಅಂದೆ. ಅವಳಿಗೆ ತವರಿಗೆ ಹೋಗುವುದಿತ್ತು, ಆದ್ದರಿಂದ ಅದೇ ಬಸ್ಸಿನಲ್ಲಿ ತೇರದಾಳಕ್ಕೆ ಮುಂದೆ ಹೋದಳು. ನಾನು ರಬಕವಿಯಲ್ಲಿ ಇಳಿದೆ. ಮನೆಗೆ ಬಂದರೆ ಮಾವ ಬಾಗಿಲಲ್ಲೇ ನಿಂತಿದ್ದರು, ಹಿಂದೆ ವಿಜಯಾ. ಆ ಎರಡು ಮುಖ ನೋಡಿ ನಾನು, ರಬಕವಿಯಲ್ಲೇ ಮದುವೆಗೆ ಗಂಗಕ್ಕ ಒಪ್ಪಿದಳು ಅಂದುಬಿಟ್ಟೆ. ನಾಳೆ ಸರಿಮಾಡಿದರಾಯಿತು ಅಂದುಕೊಂಡೆ. ನಾಳೆ ಶಾಲೆ ಇತ್ತು. ಮರುದಿನ ಪರೀಕ್ಷೆಯ ಪೇಪರು ನೋಡುವುದಿತ್ತು. ಹೀಗೆ — ಹೇಡಿಗಳಿಗೆ ಕೆಲಸಕ್ಕೇನು ಕಡಿಮೆ.

ನಿಶ್ಚಯದ ದಿನ ಬಂತು. ಮುಧೋಳದವರೆಲ್ಲ ಬಂದರು. ಪಡಸಾಲೆ ತುಂಬಿ, ಹಿರಿಯರು ಹೊರಗೆ ಗಾಳಿಗೆ ಬಂದು ಬಾಗಿಲ ಆಚೀಚಿನ ಕಟ್ಟೆಗಳ ಮೇಲೆ ಕುಳಿತರು. ಎಡಗಡೆ ಮುಧೋಳ, ಬಲಗಡೆ ರಬಕವಿ. ಗಂಗಕ್ಕ ನಗುನಗುತ್ತ, ನಮ್ಮ ಅಂಗಳದಲ್ಲಿ ಹಂದರ ಎಷ್ಟು ದೊಡ್ಡದು ಹಾಕಿಸಲಿ ಬೀಗರೇ, ನಿಮ್ಮ ಕಡೆಯ ಜನ ಎಷ್ಟು ಅಂತ ಕೇಳಿದಳು. ಮಾವ, ಯಾವ ಅಂಗಳ ಅಂದರು. ನಾನು ಆಗ ಚಹಾದ ತಾಟು ಹಿಡಿದು ಹೊಸ್ತಿಲು ದಾಟುತ್ತಿದ್ದೆ. ಒಂದು ಕಾಲು ಒಳಗೆ, ಒಂದು ಕಾಲು ಹೊರಗೆ.

ಮಾತಿಗೆ ಮಾತು ಬೆಳೆಯಿತು. ನಿಮ್ಮ ಸೊಸೆಯೇ ಹೇಳಿದಳೆಂದು ಗಂಗಕ್ಕ, ನನ್ನ ಸೊಸೆ ಹಾಗೆ ಹೇಳಿರಲಿಕ್ಕೇ ಸಾಧ್ಯವಿಲ್ಲವೆಂದು ಮಾವ. ಎಲ್ಲರೂ ನನ್ನತ್ತ ತಿರುಗಿದರು. ಕಿಟಕಿಯ ಹಿಂದೆ ವಿಜಯಾಳ ಬಳೆ ಸದ್ದಾಯಿತು. ನಾನು ಗಂಗಕ್ಕನಿಗೆ ಅಂದದ್ದು ಬೇರೆ, 'ಮುಧೋಳದವರ ಸಂತೋಷಾನ ನಮ್ಮ ಸಂತೋಷ' ಅಂದಿದ್ದೆ, ಅಷ್ಟೇ — ಅಂದೆ. ಅಂಥ ಮಾತು ನಾನು ಆಡಿರಲೇ ಇಲ್ಲ. ಆಗ ಕಮಲಾ ಮುಂದೆ ಬಂದಳು. ನನ್ನನ್ನು ಸಿಕ್ಕಿಸಬೇಕೆಂದಲ್ಲ. ನಾನು ಮರೆತಿದ್ದೇನೆ ಅಂದುಕೊಂಡಿದ್ದಳು ಪಾಪ, ನೆನಪು ಮಾಡಿಕೊಡಲು ಬಂದಳು.

"ಇಲ್ಲಕ್ಕಾ, 'ಮದುವಿ ಮುಧೋಳದಾಗ ಆಗಲಿ ಗಂಗಕ್ಕ, ನಮ್ಮ ಮಾವ ಒಪ್ಪ್ಯಾರ' ಅಂತ ಅಂದ್ರಿ. ನಾ ಬಾಜೂಕ ಕುಂತಿದ್ದೆ."

ನನ್ನದೇ ದನಿಯಲ್ಲಿ ಅಂದಳು. ಗಂಗಕ್ಕನ ಹೆಸರಿನ ಹತ್ತಿರ ನಾನು ತಡೆದಲ್ಲಿ ತಡೆದು.

ನಾನು ಅವಳನ್ನು ನೋಡಿದೆ. ಸತ್ಯ ಹೇಳುವುದಕ್ಕೆ ಅದಕ್ಕಿಂತ ಒಳ್ಳೆಯ ಗಳಿಗೆ ಇರಲಿಲ್ಲ. ನಾನು ಹೇಳಿದ್ದು ಇದು — ಇವತ್ತಿಗೂ ಆ ಮಾತು ನನ್ನ ಬಾಯಲ್ಲಿ ಹಾಗೇ ಇದೆ:

"ನಿನ್ನ ಕಿವಿಗೆ ಹಂಗ ಕೇಳಿಸಿರಬೇಕು, ಕಮಲಾ. ಅದೂ ಖರೇನ."

ಆಮೇಲೆ ಅಜ್ಜ ಹುಟ್ಟಿದ. ನಾನು ಚಹಾದ ತಾಟು ಹಿಡಿದುಕೊಂಡೇ, ನನ್ನ ತವರು ಬೀಳಗಿಯ ಕಡೆ, ಈಗ ಹಿನ್ನೀರಿನಲ್ಲಿ ಮುಳುಗಿದ ಒಂದು ಊರಿನಲ್ಲಿ ಹಿಂದೆ ಒಬ್ಬ ಅಜ್ಜನಿದ್ದ ಅಂತ ಶುರುಮಾಡಿದೆ. ಅವನದೊಂದು ಮಾರ್ಗವೇ ಇತ್ತು. ಎಡಗಟ್ಟೆಯ ಮೇಲೆ ಕುಳಿತವನ ಕಣ್ಣಿಗೆ ಬಿಸಿಲು, ಬಲಗಟ್ಟೆಯವನಿಗೆ ನೆರಳು. ಬೀದಿ ಒಂದೇ, ಆದರೆ ಒಬ್ಬ ಹೊಳೆ ಕಾಣುತ್ತದೆ ಅನ್ನುತ್ತಾನೆ, ಇನ್ನೊಬ್ಬ ಸಂತೆ ಕಾಣುತ್ತದೆ ಅನ್ನುತ್ತಾನೆ. ಮಾತು ಬಾಯಲ್ಲಿ ಒಮ್ಮೆ ಹುಟ್ಟುತ್ತದೆ, ಕಿವಿಯಲ್ಲಿ ಇನ್ನೊಮ್ಮೆ ಹುಟ್ಟುತ್ತದೆ, ಎರಡೂ ಹುಟ್ಟು ನಿಜ. ಆದ್ದರಿಂದ ಜಗಳವಾದವರು ಕಟ್ಟೆ ಬದಲಿಸಬೇಕು. ಬದಲಿಸಿ, ಎದುರಿನವನ ಸಂಕಟವನ್ನು ತನ್ನದೇ ಎಂಬಂತೆ ಹೇಳಬೇಕು. 'ಹೌದು, ನನ್ನ ಮಾತು ಇದೇ' ಎಂದು ಎದುರಿನವನು ಒಪ್ಪುವ ತನಕ ಹೇಳಬೇಕು. ಇದೇ ಎದುರುಕಟ್ಟಿ ಪದ್ಧತಿ ಅಂದೆ. ಪಾಠ ಮಾಡಿ ಮಾಡಿ ಪಳಗಿದ ಗಂಟಲು — ನನಗೇ ಕೇಳುವುದಕ್ಕೆ ಚಂದ ಅನ್ನಿಸುತ್ತಿತ್ತು.

ಅವತ್ತು ನಡೆದದ್ದನ್ನು ನೆನೆದರೆ ಈಗಲೂ ನಗು ತಡೆಯಲಾಗುವುದಿಲ್ಲ. ಮಾವ ಎದ್ದು ಎಡಗಟ್ಟೆಗೆ ಹೋದರು, ಗಂಗಕ್ಕ ಬಲಗಟ್ಟೆಗೆ ಬಂದಳು. ಗಂಗಕ್ಕ ಸೆರಗನ್ನು ರುಮಾಲಿನಂತೆ ತಲೆಗೆ ಸುತ್ತಿಕೊಂಡು, ಇದ್ದೊಬ್ಬ ಮಗಳನ್ನು ಪರವೂರಿನ ಅಂಗಳದಲ್ಲಿ ಧಾರೆಯೆರೆದರೆ ನನ್ನ ಬಾಗಿಲು ನನ್ನನ್ನು ಏನು ಅಂದೀತು ಅಂತ ದಪ್ಪ ದನಿಯಲ್ಲಿ ಶುರುಮಾಡಿ, ಅರ್ಧಕ್ಕೆ ಬರುವುದರೊಳಗೆ ತಾನೇ ಕಣ್ಣೊರೆಸಿಕೊಂಡಳು. ಮಾವನ ಸರದಿ ಬಂದಾಗ ಮೊದಲು ತಡವರಿಸಿದರು. ಆಮೇಲೆ, ತೊಟ್ಟಿಲಲ್ಲಿದ್ದಾಗಿನಿಂದ ಎತ್ತಿ ಆಡಿಸಿದ ಹುಡುಗನ ತಲೆಗೆ ಅಕ್ಕಿಕಾಳು ಬೀಳುವುದನ್ನು ನನ್ನ ಮನೆಯಲ್ಲೇ ನೋಡಬೇಕು ಅಂದುಕೊಂಡರೆ ಅದೇನು ದೊಡ್ಡ ಆಸೆಯೇ ಅಂತ, ಗಂಗಕ್ಕನಂತೆಯೇ ಮೂಗು ಏರಿಸುತ್ತ ಅಂದರು. ಮುಧೋಳದವರು ಬಿದ್ದುಬಿದ್ದು ನಕ್ಕರು. ಗಂಗಕ್ಕ, ಹೌದ್ರಿ ಬೀಗರೇ, ಇದೇ ನನ್ನ ಮಾತು ಅಂದಳು. ಎರಡೂ ಊರಿಗೆ ಸರಿಸುಮಾರು ಒಂದೇ ದೂರವಾದ ಜಮಖಂಡಿಯಲ್ಲಿ ಮದುವೆ ಅಂತ ಅಲ್ಲೇ ಗೊತ್ತಾಯಿತು. ವಿಜಯಾ ಕಿಟಕಿ ಬಿಟ್ಟು ಹೊರಗೆ ಓಡಿಬಂದಳು, ನಾಚಿಕೆಯನ್ನೂ ಮರೆತು.

ಆ ಸಂತೋಷದಲ್ಲಿ ಕಮಲಾಳನ್ನು ನೋಡಿದವರಿಲ್ಲ. ಅವಳೂ ನಗುತ್ತಿದ್ದಳು. ಆದರೆ ಒಂದು ಕೈ ಕಿವಿಯ ಓಲೆಯ ಮೇಲಿತ್ತು.

ಪದ್ಧತಿ ಊರು ದಾಟಿತು. ಮದುವೆಗೆ ಬಂದವರು ಅದನ್ನು ತಮ್ಮ ತಮ್ಮ ಊರಿಗೆ ಒಯ್ದರು. ಬನಹಟ್ಟಿಯಲ್ಲಿ ಎರಡು ನೇಕಾರರ ಮನೆಗಳು ಮಗ್ಗದ ಸದ್ದಿಗಾಗಿ ಬಡಿದಾಡುತ್ತಿದ್ದವು. ಆ ಸದ್ದಿನಿಂದ ಒಂದು ಮನೆಯ ಮುದುಕನಿಗೆ ನಿದ್ದೆಯಿಲ್ಲ, ಆ ಸದ್ದು ನಿಂತರೆ ಇನ್ನೊಂದು ಮನೆಯ ಕೂಸಿಗೆ ನಿದ್ದೆಯಿಲ್ಲ. ಕಟ್ಟೆ ಬದಲಿಸಿ ಕೂತ ಮೇಲೆ ಮುದುಕನೇ ಕೂಸನ್ನು ತೊಡೆಯ ಮೇಲೆ ಹಾಕಿಕೊಂಡು ತಟ್ಟತೊಡಗಿದ. ಬೀಳಗಿಯ ಕಡೆ ಬೀರೇಶ್ವರನ ಒಕ್ಕಲಿನ ಇಬ್ಬರು ಅಣ್ಣತಮ್ಮಂದಿರು ಕುರಿ ಮೇಯಿಸುವ ದಾರಿಗಾಗಿ ಮಾತು ಬಿಟ್ಟಿದ್ದರು. ಅಲ್ಲಿ ಕಟ್ಟೆಯೂ ಇರಲಿಲ್ಲ, ಎರಡು ಬಂಡೆಗಳ ಮೇಲೆ ಕುಳಿತು ಒಬ್ಬರ ಮಾತನ್ನೊಬ್ಬರು ಆಡಿ, ಕೊನೆಗೆ ಒಬ್ಬರ ಕಂಬಳಿಯನ್ನೊಬ್ಬರು ಹೊದ್ದು ಮನೆಗೆ ಹೋದರಂತೆ.

ಜನ ನನ್ನನ್ನು ಹುಡುಕಿಕೊಂಡು ಬಂದು ಅಜ್ಜನ ವಿಷಯ ಕೇಳತೊಡಗಿದರು. ಎರಡು ಕಟ್ಟೆಗಳ ನಡುವೆ, ಬಾಗಿಲಲ್ಲೇ ನಿಂತರೆ ಎರಡೂ ಕಾಣುವುದಿಲ್ಲವೇ ಅಂತ ಒಬ್ಬರು. ಕಾಣುತ್ತದೆ, ಅದಕ್ಕೆ ಅಜ್ಜ ಹೊಸ್ತಿಲ ನೋಟ ಅನ್ನುತ್ತಿದ್ದ, ಆದರೆ ಹೊಸ್ತಿಲ ಮೇಲೆ ಯಾರೂ ಬಹಳ ಹೊತ್ತು ನಿಲ್ಲಲಾರರು, ಒಳಗೆ ಹೋಗುವವರಿಗೂ ಹೊರಗೆ ಬರುವವರಿಗೂ ಅಡ್ಡಿ ಅಂದೆ. ಹಾಗಾದರೆ ಬೀದಿ ನಿಜವಾಗಿ ಎಲ್ಲಿಗೆ ಹೋಗುತ್ತದೆ ಅಂತ ಇನ್ನೊಬ್ಬರು. ನಡೆದವನಿಗೆ ಮಾತ್ರ ಗೊತ್ತು, ಕುಳಿತು ವಾದಿಸುವವರಿಗಲ್ಲ ಅಂದೆ. ಬಸ್ಸಿನಲ್ಲಿ ಜಮಖಂಡಿಗೆ ಹೋಗುವಾಗ ಕಿಟಕಿಯ ಹೊರಗೆ ಕಬ್ಬಿನ ಹೊಲ ನೋಡುತ್ತ ಅಜ್ಜನ ಹೊಸ ಮಾತುಗಳನ್ನು ಕಟ್ಟುವುದು — ಅದರ ಸುಖದ ಬಗ್ಗೆ ನಾನು ಸುಳ್ಳು ಹೇಳಲಾರೆ. ಬದುಕಿನಲ್ಲಿ ಅಷ್ಟು ಹಿಗ್ಗಿನಿಂದ ನಾನು ಇನ್ನಾವ ಕೆಲಸವನ್ನೂ ಮಾಡಿಲ್ಲ.

ಕಮಲಾ ಒಮ್ಮೆ ಒಂದು ಪ್ರಶ್ನೆ ಕೇಳಿದಳು. ರೊಟ್ಟಿ ಬಡಿಯುತ್ತಿದ್ದಳು, ಕೈ ನಿಲ್ಲಿಸಲಿಲ್ಲ. "ಅಕ್ಕಾ, ಒಬ್ಬರು ಬೇಕಂತನ ಸುಳ್ಳ ಹೇಳಿದ್ರ? ಅದಕ್ಕ ಅಜ್ಜ ಏನಂತಾನ?" ನಾನು, ಸುಳ್ಳು ಅನ್ನುವ ಮೊದಲು ಆ ಕಟ್ಟೆಯ ಮೇಲೂ ಕೂತು ನೋಡಬೇಕು ಅನ್ನುತ್ತಾನೆ ಅಂದೆ. ಅವಳು ಬಡಿದ ರೊಟ್ಟಿಯನ್ನು ಹಂಚಿಗೆ ಹಾಕಿ, ಇದು ಭಾಳ ಛಲೋ ಮಾತು ಅಂದಳು.

ಅವಳು ಅಜ್ಜನನ್ನು ನಂಬಿದಳು. ನಮ್ಮೆಲ್ಲರಿಗಿಂತ ಹೆಚ್ಚು ನಂಬಿದಳು. ಬಸ್ಸಿನಲ್ಲಿ ನನ್ನನ್ನು ಕೇಳಿದ್ದೂ ತಾನು ತಪ್ಪು ಕೇಳಿಸಿಕೊಂಡದ್ದರಿಂದಲೇ ಅಂದುಕೊಂಡಳು. ನಮ್ಮ ಮನೆಯ ಅಣ್ಣತಮ್ಮಂದಿರು ಬೇರೆಯಾದ ಮೇಲೆ ಕಮಲಾಳ ಸಂಸಾರ ಬನಹಟ್ಟಿಗೆ ಹೋಯಿತು. ಅಲ್ಲಿ ಅವಳ ಮನೆಯ ಮುಂದೆಯೇ ಎದುರುಕಟ್ಟಿ ಬೈಠಕ್ಕುಗಳು ನಡೆಯತೊಡಗಿದವು, ಅವಳೇ ನಡೆಸುತ್ತಿದ್ದಳು. ಎರಡೂ ಕಡೆಯವರ ದನಿ ತೆಗೆದು ತೋರಿಸಿ ನಗಿಸುವ ಅವಳಂಥವರು ಇನ್ನೊಬ್ಬರಿಲ್ಲ. ಆದರೆ ಪ್ರತಿ ಬೈಠಕ್ಕನ್ನೂ ಅವಳು ಒಂದೇ ಮಾತಿನಿಂದ ಶುರುಮಾಡುತ್ತಿದ್ದಳು: ನಾನೂ ಒಮ್ಮೆ ಇಲ್ಲದ್ದನ್ನು ಕೇಳಿಸಿಕೊಂಡವಳು, ನನ್ನ ಕಿವಿ ನನಗೆ ಮೋಸ ಮಾಡಿತ್ತು, ನಮ್ಮಕ್ಕ ನನ್ನನ್ನು ಬಯ್ಯದೆ ಅದೂ ಖರೇನ ಅಂದರು.

ಸಂಬಂಧಿಕರಲ್ಲಿ ಅದೊಂದು ಚೇಷ್ಟೆಯಾಯಿತು. ಯಾರಾದರೂ ಏನಾದರೂ ತಪ್ಪು ಕೇಳಿಸಿಕೊಂಡರೆ 'ಕಮಲವ್ವನ ಕಿವಿ' ಅನ್ನುವುದು. ಅವಳೂ ಅನ್ನುತ್ತಿದ್ದಳು. ಮಾವ ಅವಳನ್ನು ಮಾತು ಒಯ್ಯಲು ಕಳಿಸುವುದನ್ನು ಬಿಟ್ಟರು, ಬೇಸರದಿಂದಲ್ಲ, ಅವಳಿಗೆ ತೊಂದರೆ ಬೇಡವೆಂದು. ಅವಳ ಮಾತಿಗೊಂದು ಬಾಲ ಅಂಟಿಕೊಂಡಿತು — 'ನನಗ ಹಂಗ ಕೇಳಿಸಿತು ನೋಡ್ರಿ, ಖರೆ ಗೊತ್ತಿಲ್ಲ'. ಒಮ್ಮೆ ತೇರದಾಳದಿಂದ ಅವಳ ತಾಯಿ ಫೋನು ಮಾಡಿ, ಬಚ್ಚಲಲ್ಲಿ ಜಾರಿ ಬಿದ್ದಿದ್ದೇನೆ, ಬಾ ಅಂದರಂತೆ. ಕಮಲಾ ಫೋನಿಟ್ಟು, ಅವ್ವ ಬಾ ಅಂದಳೋ ಬ್ಯಾಡ ಅಂದಳೋ ಅಂತ ಇಡೀ ದಿನ ಯೋಚಿಸುತ್ತ ಕುಳಿತಳು. ಮತ್ತೆ ಕೇಳಲು ನಾಚಿಕೆ. ಮರುದಿನ ಅಣ್ಣ ಬಂದು ಕರೆದುಕೊಂಡು ಹೋದ. ತಾಯಿ ಆರಾಮಾದರು, ದೇವರು ದೊಡ್ಡವನು. ಆದರೆ ಆ ಒಂದು ದಿನ — ಅದನ್ನು ನಾನು ಯಾವ ಕಟ್ಟೆಯ ಮೇಲೆ ಕೂತು ನೋಡಲಿ?

ಆಗಲೂ ನಾನು ಹೇಳಲಿಲ್ಲ. ಇದನ್ನು ಬೇರೆಯಾಗಿ ಬರೆಯುವ ದಾರಿ ನನಗೆ ಗೊತ್ತಿಲ್ಲ. ಹೇಳಲಿಲ್ಲ.

ಹೇಳಿದ್ದು ಕಳೆದ ವರ್ಷ. ನಾನು ನಿವೃತ್ತಳಾದ ಮೇಲೆ ಬನಹಟ್ಟಿಯ ಬೈಠಕ್ಕುಗಳಿಗೆ ಹೋಗಿ ಕೂರುತ್ತಿದ್ದೆ, ಗೌರವದಿಂದ ಮುಂದೆ ಕೂಡಿಸುತ್ತಿದ್ದರು. ಅವತ್ತು ರೇಣುಕಾ ಎಂಬ ಹುಡುಗಿ ಬಂದಿದ್ದಳು. ಸೀರೆಯ ಅಂಚಿನ ನಮೂನೆ ಬಿಡಿಸುವ ಕೆಲಸ ಅವಳದು. ಜೋಳದ ತೆನೆಯ ಹೊಸ ಅಂಚೊಂದು ಆ ಹಂಗಾಮಿನಲ್ಲಿ ಎಲ್ಲರ ಬಾಯಲ್ಲಿತ್ತು. ಅದನ್ನು ಬಿಡಿಸಿದ್ದು ನಾನು ಅಂತ ಅವಳು, ನಾನು ಅಂತ ಅವಳ ದೊಡ್ಡಪ್ಪನ ಮಗ ಈರಣ್ಣ. ಈರಣ್ಣ ಚೆನ್ನಾಗಿ ಮಾತಾಡಿದ. ಆ ನಮೂನೆ ತನಗೆ ಹೊಳೆದ ಬಗೆಯನ್ನು ಹೇಳಿದ, ರೇಣುಕಾಳ ಕಟ್ಟೆಗೆ ಹೋಗಿ ಅವಳ ಸಂಕಟವನ್ನೂ ಮನಮುಟ್ಟುವ ಹಾಗೆ ಹೇಳಿದ. ರೇಣುಕಾಳದು ಒಂದೇ ಮಾತು. ನಾ ತೆಗೆದೇನ್ರಿ, ನಾನ ತೆಗೆದೇನಿ, ಅಷ್ಟೇ ಅನ್ನುತ್ತಿದ್ದಳು.

ಕಮಲಾ ಅವಳ ಪಕ್ಕಕ್ಕೆ ಹೋಗಿ ಕೂತು, ಬೆನ್ನ ಮೇಲೆ ಕೈಯಾಡಿಸಿ, ಮಗಳೇ, ನೆನಪೂ ಒಂದು ಕಟ್ಟೆಯೇ, ನನ್ನ ಕಿವಿಯೂ ಒಮ್ಮೆ ಹೀಗೇ ಮಾಡಿತ್ತು ಅಂತ ತನ್ನ ಕತೆ ಹೇಳಿದಳು. ಅಷ್ಟು ಪ್ರೀತಿಯಿಂದ ಹೇಳಿದಳು. ರೇಣುಕಾ ಕೇಳುತ್ತ ಕೇಳುತ್ತ ಮೆತ್ತಗಾದಳು. ಆಮೇಲೆ, ಇರಬಹುದ್ರಿ, ಅಣ್ಣನ ತೆಗೆದಿರಬೇಕು, ನನಗ ಹಂಗ ಅನಿಸಿರಬೇಕು ಅಂದಳು. ಅಂದು, ತನ್ನ ಬೆರಳುಗಳನ್ನು ನೋಡಿಕೊಂಡಳು — ಯಾರದೋ ಬೆರಳುಗಳನ್ನು ನೋಡುವ ಹಾಗೆ.

ನಾನು ಎದ್ದು ನಿಂತೆ. ಧೈರ್ಯ ಅನ್ನಬೇಡಿ, ಧೈರ್ಯವಿದ್ದವರು ಇಪ್ಪತ್ತು ವರ್ಷ ಕಾಯುವುದಿಲ್ಲ. ಕೂತಿರಲು ಆಗಲಿಲ್ಲ, ಅಷ್ಟೇ. ಅಷ್ಟು ಜನರ ಎದುರು ಹೇಳಿದೆ: ಗಂಗಕ್ಕನ ಮನೆಯಲ್ಲಿ ನಾನು ಅಂದದ್ದು ಏನು, ಮಾವನಿಗೆ ಹೇಳಿದ್ದು ಏನು, ಕಮಲಾ ಕೇಳಿದ್ದು ಏನು. ಅವಳು ಅಕ್ಷರ ಬಿಡದೆ ಸರಿಯಾಗಿ ಕೇಳಿದ್ದಳು. ಅಜ್ಜ ಇರಲಿಲ್ಲ. ಸುಳ್ಳು ಮುಚ್ಚಲು ಅವನನ್ನು ಕಟ್ಟಿದೆ.

ಅಷ್ಟರಲ್ಲಿ ಒಬ್ಬರು, ಪದ್ಧತಿಯ ಪ್ರಕಾರ ಈಗ ಕಮಲಕ್ಕ ಟೀಚರ ಕಟ್ಟೆಗೆ ಹೋಗಿ ಅವರ ಸಂಕಟ ಹೇಳಬೇಕಲ್ಲ ಅಂದರು. ಕಮಲಾ ತಲೆ ಅಲ್ಲಾಡಿಸಿದಳು.

"ಇದಕ್ಕ ಎದುರುಕಟ್ಟಿ ಇಲ್ಲ," ಅಂದಳು. "ಇದು ಒಂದ ಐತಿ."

ನಾನು ಹುಟ್ಟಿಸಿದ ಅಷ್ಟೂ ತತ್ವದಲ್ಲಿ ಆ ಮಾತು ಇರಲಿಲ್ಲ. ನಾನೇ ಬೇಕೆಂದು ಅದನ್ನು ಹೊರಗಿಟ್ಟಿದ್ದೆ. ಇಬ್ಬರು ಇಬ್ಬಗೆಯಾಗಿ ಕಾಣುವ ಸಂಗತಿಗಳು ಲೋಕದ ತುಂಬ ಇವೆ. ಹಂದರ ಎಲ್ಲಿ ಹಾಕಬೇಕು, ಸದ್ದು ಹಿತವೋ ಅಹಿತವೋ, ಇಂಥವೆಲ್ಲ. ಆದರೆ ಆಡಿದ ಮಾತು ಆಡಿದ ಮಾತೇ, ಬಿಡಿಸಿದ ಕೈ ಒಂದೇ. ಅದನ್ನೂ ಎರಡು ಮಾಡಿ ಹಂಚುವುದು ಔದಾರ್ಯವಲ್ಲ. ಒಬ್ಬರ ಪಾಲನ್ನು ಕಸಿದುಕೊಳ್ಳುವುದು. ನಾನು ಅದನ್ನೇ ಮಾಡಿದ್ದೆ, ಮಾಡಿ ಪೂಜೆ ಮಾಡಿಸಿಕೊಂಡಿದ್ದೆ.

ಕಮಲಾ ರೇಣುಕಾಳ ಕಡೆ ತಿರುಗಿ, ನೀ ತೆಗೆದಿಯೇನು ಅಂತ ಕೇಳಿದಳು. ರೇಣುಕಾ ಈ ಸಲ ಬೆರಳು ನೋಡಲಿಲ್ಲ, ಹೂಂ ಅಂದಳು. ಈರಣ್ಣ ಆಗಲೇ ಚಪ್ಪಲಿ ಹುಡುಕುತ್ತಿದ್ದ. ಮುಂದೆ ಒಂದೆರಡು ದಿನದಲ್ಲಿ ಅವನ ತಾಯಿಯೇ ಬಂದು, ಅಂಚು ರೇಣುಕಾಳದೇ ಎಂದು ನಾಲ್ಕು ಜನರ ಮುಂದೆ ಹೇಳಿಹೋದಳು.

ಆದರೆ ಅವತ್ತು ಜನರೆಲ್ಲ ಎದ್ದುಹೋದ ಮೇಲೆ ನಾನು ಕಮಲಾಳ ಕಾಲು ಹಿಡಿಯಲು ಬಗ್ಗಿದೆ. ಅವಳು ನನ್ನ ಭುಜ ಹಿಡಿದು ಎತ್ತಿ, ಕಣ್ಣಲ್ಲಿ ಕಣ್ಣಿಟ್ಟು ನೋಡಿ, ಹಾಗಾದರೆ ನನ್ನ ಕಿವಿ ಸರಿ ಇತ್ತೇನಕ್ಕ ಅಂದಳು. ಸರಿ ಇತ್ತು ಅಂದೆ. ಪೂರ್ತಿ? ಪೂರ್ತಿ. ಆಗ ನಗತೊಡಗಿದಳು ನೋಡಿ — ಹೊಟ್ಟೆ ಹಿಡಿದುಕೊಂಡು, ಕಟ್ಟೆಯ ಮೇಲೆ ಕೂತು, ಕಣ್ಣೀರು ಬರುವ ಹಾಗೆ. ಮದುವೆಯಾಗಿ ಬಂದ ಹೊಸದರಲ್ಲಿ ನಗುತ್ತಿದ್ದಳಲ್ಲ, ಆ ನಗು. ಫೋನು ತೆಗೆದು ಮೊದಲು ತೇರದಾಳದ ತಾಯಿಗೆ ಹಚ್ಚಿದಳು. ಅವ್ವಾ, ನನ್ನ ಕಿವಿಗೆ ಏನೂ ಆಗಿಲ್ಲಂತ ಅಂದಳು. ಆ ಮುದುಕಿ, ನಿನ್ನ ಕಿವಿಗೇನಾಗೇತೆ, ನನ್ನ ಕಿವಿ ಹೋಗ್ಯಾವ ಜೋರಾಗಿ ಮಾತಾಡು ಅಂದದ್ದು ನನಗೂ ಕೇಳಿಸಿತು.

ಫೋನಿನಲ್ಲಿ ಅವಳಿಗೆ ಸಮಾಧಾನವಾಗಲಿಲ್ಲ. ನೀವೇ ಬಂದು ಹೇಳಬೇಕು ಅಂದಳು. ಮರುವಾರದಿಂದ ನಾವಿಬ್ಬರೂ ಬಸ್ಸು ಹತ್ತಿದೆವು. ಕೇಳಲು ಮಾವ ಮಾತ್ರ ಉಳಿದಿರಲಿಲ್ಲ. ಅವಳು ಹೊಸ ಸೀರೆ ಉಟ್ಟು, ಮಲ್ಲಿಗೆ ಮುಡಿದು, ತಿನ್ನಲು ಶೇಂಗಾ ಹೋಳಿಗೆ ಕಟ್ಟಿಕೊಂಡು ಬರುತ್ತಿದ್ದಳು — ಜಾತ್ರೆಗೆ ಹೊರಟವರ ಹಾಗೆ. ಪ್ರತಿ ಮನೆಯಲ್ಲೂ ಮೊದಲು ಚಹಾ ಆಗಬೇಕು. ಆಮೇಲೆ ನಮ್ಮಕ್ಕ ನಿಮಗೇನೋ ಹೇಳಬೇಕಂತ ಅನ್ನುವಳು. ನಾನು ಹೇಳುವೆ. ನಾನು ಎಲ್ಲಿಯಾದರೂ ನುಣುಪು ಮಾಡಿದರೆ, ಅದನ್ನ ಬಿಟ್ರಿ ಅಂತ ನೆನಪು ಮಾಡುವಳು.

ಮುಧೋಳದಲ್ಲಿ ಗಂಗಕ್ಕ ಈಗ ಮಂಚದ ಮೇಲೆಯೇ ಇರುತ್ತಾಳೆ. ಎಲ್ಲ ಕೇಳಿ ಎದ್ದು ಕೂತಳು. ನಿಶ್ಚಯವಾದ ಮೇಲೆ ತನ್ನ ಕಿವಿಯ ಮೇಲೆ ತನಗೇ ಸಂಶಯ ಬಂದು, ಬಾಗಲಕೋಟೆಯ ಕಿವಿ ಡಾಕ್ಟರ ಹತ್ತಿರ ಹೋಗಿದ್ದಳಂತೆ. ಅವನು ಏನೂ ಆಗಿಲ್ಲ ಅಂದದ್ದಕ್ಕೆ, ಇವನಿಗೇನೂ ಗೊತ್ತಿಲ್ಲ ಅಂತ ಬಯ್ದು ಬಂದಿದ್ದಳಂತೆ. ಅದನ್ನು ಹೇಳುವಾಗ ಕಮಲಾಳೂ ಅವಳೂ ಒಬ್ಬರ ಕೈ ಒಬ್ಬರು ಹಿಡಿದುಕೊಂಡು ನಕ್ಕ ನಗುವಿಗೆ ವಿಜಯಾ ಅಡಿಗೆಮನೆಯಿಂದ ಓಡಿಬಂದಳು. ಊಟಕ್ಕೆ ಕೂತಾಗ ಅವಳು ಕಮಲಾಳ ತಟ್ಟೆಗೆ ಮತ್ತೊಂದು ರೊಟ್ಟಿ ಹಾಕಿದಳು, ನನಗೆ ಹಾಕಲಿಲ್ಲ. ನ್ಯಾಯವೇ.

ಬೀಳಗಿಯಲ್ಲಿ ಮಾತ್ರ ನನ್ನನ್ನು ಯಾರೂ ನಂಬಲಿಲ್ಲ. ಹಿನ್ನೀರಿಗೆ ಊರು ಮುಳುಗಿ ಅಲ್ಲಿಂದ ಎದ್ದುಬಂದ ಒಬ್ಬ ಹಿರಿಯರು, ಅಜ್ಜ ಇರಲಿಲ್ಲ ಅಂದರೆ ಹೇಗೆ, ನಮ್ಮ ಮನೆಯಿಂದ ಆಚೆಯ ಓಣಿಯಲ್ಲೇ ಇದ್ದ, ಬಿಳಿ ಗಡ್ಡ, ನನ್ನ ತಲೆಯ ಮೇಲೆ ಕೈಯಿಟ್ಟಿದ್ದ ಅಂದರು. ನನಗಿಂತ ಚೆನ್ನಾಗಿ ಅವನನ್ನು ಬಲ್ಲವರಂತೆ ಅವನ ಮಾತುಗಳನ್ನು ಹೇಳಿದರು, ಕೆಲವು ನಾನು ಕಟ್ಟಿದವಕ್ಕಿಂತ ಚಂದ ಇದ್ದವು. ಒಂದು ಗಳಿಗೆ ಆಸೆಯಾಯಿತು. ಇವರಿಗೆ ಹೀಗಿದೆ, ನನಗೆ ಹಾಗಿದೆ, ಅದೂ ಖರೇನ ಅಂತ ಅಂದು ಎದ್ದುಬಿಡಬಹುದಿತ್ತು. ಕಮಲಾ ನನ್ನನ್ನೇ ನೋಡುತ್ತಿದ್ದಳು. ಇಲ್ಲ ಯಜಮಾನರೇ, ನಾನು ಕಟ್ಟಿದ್ದು, ಅವನು ಇರಲಿಲ್ಲ ಅಂದೆ. ಅವರಿಗೆ ಬೇಜಾರಾಯಿತು. ಚಹಾ ಪೂರ್ತಿ ಕುಡಿಯದೆ ಎದ್ದುಹೋದರು.

ಬನಹಟ್ಟಿಯ ಬೈಠಕ್ಕುಗಳು ಈಗಲೂ ನಡೆಯುತ್ತವೆ. ಕಟ್ಟೆ ಬದಲಿಸುವುದೂ ನಡೆಯುತ್ತದೆ, ನಗುವೂ. ಅದಕ್ಕೂ ಮೊದಲು ಕಮಲಾ ಒಂದು ಮಾತು ಕೇಳುತ್ತಾಳೆ: ಇದು ಎರಡು ಇರುವಂಥದ್ದೋ, ಒಂದೇ ಇರುವಂಥದ್ದೋ? ಒಂದೇ ಇದ್ದರೆ ಕಟ್ಟೆಗೆ ಕೂಡಿಸುವುದಿಲ್ಲ, ಗೊತ್ತಿದ್ದವರನ್ನು ಕರೆಸುತ್ತಾಳೆ. ಅಜ್ಜನ ಹೆಸರು ತೆಗೆದು ಬೇರೆ ಹೆಸರು ಇಡೋಣ ಅಂದರೆ, ಹೆಸರು ಇರಲಿ, ಇರಲಿಲ್ಲ ಅಂತ ಪ್ರತಿ ಸಲ ನೀವು ಹೇಳ್ರಿ ಅಂದಳು. ಹೇಳುತ್ತೇನೆ.

ಬೀಳಗಿಯಿಂದ ತಿರುಗಿ ಬರುವ ಬಸ್ಸಿನಲ್ಲಿ ಅವಳು ಕಿಟಕಿಯ ಕಡೆ ಕೂತಿದ್ದಳು. ಹೋಳಿಗೆಯೆಲ್ಲ ಮುಗಿದಿತ್ತು. ಮೆಲ್ಲಗೆ, ಹೊರಗೆ ನೋಡುತ್ತಲೇ ಅಂದಳು:

"ಅಕ್ಕಾ, ಖುಷೀನ ಇನ್ನೂ ಮುಗದಿಲ್ಲ ನನಗ. ಸಿಟ್ಟು ಆಮ್ಯಾಲೆ ಬರತೈತಿ. ಬಂದಾಗ ಮನ್ಯಾಗ ಇರ್ರಿ."

ಇರತೇನಿ ಅಂದೆ.

ಇನ್ನೂ ಬಂದಿಲ್ಲ. ಮಗ ತನ್ನ ಹತ್ತಿರ ಬಂದು ನಾಲ್ಕು ದಿನ ಇರು ಅಂತ ಕರೆಯುತ್ತಾನೆ, ಆಮೇಲೆ ನೋಡೋಣ ಅನ್ನುತ್ತೇನೆ. ಬೆಳಿಗ್ಗೆ ಎದ್ದು ಬಾಗಿಲು ತೆಗೆದು, ಕಸಗುಡಿಸಿ, ನೀರು ಹಾಕಿ, ಬನಹಟ್ಟಿಯ ಕಡೆಯಿಂದ ಬರುವ ದಾರಿಯನ್ನು ಒಮ್ಮೆ ನೋಡುತ್ತೇನೆ. ಅವಳು ಬಂದರೆ ಕೂರಿಸಿ ಪೂರ್ತಿ ಕೇಳುವುದಿದೆ, ನಡುವೆ ಬಾಯಿ ಹಾಕದೆ. ಅಷ್ಟನ್ನು ಮಾಡಬಲ್ಲೆ ಅನ್ನಿಸುತ್ತದೆ. ಮನೆಯಲ್ಲೇ ಇದ್ದೇನೆ.